ತಾರೆಯ ಚರಿತ್ರೆಯೂ ಕಥೆಗಾರನ ಧರ್ಮವೂ

ಪುಸ್ತಕಗಳಲ್ಲಿಯೂ ಜಾತಿಭೇದವುಂಟು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಈ ನಾಲ್ಕು ಊರುಗಳೊಳಗಿನ ಸುಶಿಕ್ಷಿತ ಮನೆಗಳ ಕಪಾಟುಗಳನ್ನು ತೆರೆದು ನೋಡಿದರೆ ಈ ಮಾತಿನ ಸತ್ಯವು ಮನವರಿಕೆಯಾಗುವದು. ಮೇಲಿನ ಹಲಗೆಯಲ್ಲಿ ವಚನ ಸಂಪುಟಗಳು; ಅವುಗಳ ಮಗ್ಗುಲಲ್ಲಿ ಕಾಲೇಜಿಗೆ ಹೋದ ಮಗನೋ ಮಗಳೋ ತಂದಿಟ್ಟ ಮಾರ್ಕ್ ಟ್ವೇನ್, ಹಾಥಾರ್ನ್, ಓ. ಹೆನ್ರಿ. ಕೆಳಗಿನ ಹಲಗೆಯಲ್ಲಿ, ಹಳೆಯ ಪಂಚಾಂಗಗಳ ನಡುವೆ, ಚಿತ್ರತಾರೆಯರ ಜೀವನಚರಿತ್ರೆಗಳು. ಮೇಲಿನವು ಬಂದವರಿಗೆ ತೋರಿಸುವದಕ್ಕೆ, ಕೆಳಗಿನವು ಊಟವಾದ ಮೇಲೆ ಒಬ್ಬರೇ ಓದುವದಕ್ಕೆ. ಒಂದನ್ನು ಓದದೆ ಗೌರವಿಸುವರು. ಇನ್ನೊಂದನ್ನು ಗೌರವಿಸದೆ ಓದುವರು. ಈ ವಿಭಾಗದಿಂದ ಎರಡೂ ಬಗೆಯ ಪುಸ್ತಕಗಳಿಗೆ ಅನ್ಯಾಯವಾಗಿದೆ. ಅದಕ್ಕಿಂತ ಹೆಚ್ಚಿನ ಅನ್ಯಾಯವಾದದ್ದು ಈ ನೆಲದಲ್ಲಿ ಹುಟ್ಟಿ ಬೆಳಗಿದ ಕಲಾವಿದೆಯರಿಗೆ.

ಈ ವಿಷಯದಲ್ಲಿ ಎರಡು ಪಕ್ಷಗಳಿವೆ. ಮೊದಲನೆಯದು ಪಂಡಿತ ಪಕ್ಷ. ನಟನಟಿಯರ ಬಾಳಿನಲ್ಲಿ ತಿಳಿಯಬೇಕಾದದ್ದು ಏನಿದೆ, ಅದು ಹರಟೆಯ ವಸ್ತುವಲ್ಲದೆ ಸಾಹಿತ್ಯದ ವಸ್ತುವಲ್ಲ ಎಂದು ಅದರ ವಾದ. ಎರಡನೆಯದು ಅಭಿಮಾನಿ ಪಕ್ಷ. ತಾರೆಯು ದೇವತೆ, ದೇವತೆಗೆ ಸ್ತೋತ್ರವಲ್ಲದೆ ಚರಿತ್ರೆಯು ಸಲ್ಲದು ಎಂದು ಅದರ ಹಟ. ಮೇಲುನೋಟಕ್ಕೆ ಇವೆರಡೂ ಪರಸ್ಪರ ವಿರುದ್ಧವಾಗಿ ತೋರಿದರೂ ಪರಿಣಾಮದಲ್ಲಿ ಒಂದೇ. ಕಲಾವಿದೆಯು ದುಡಿದು, ಎಡವಿ, ಎದ್ದು ಬಾಳಿದ ಮನುಷ್ಯಳೆಂಬದನ್ನು ಒಬ್ಬರು ತಿರಸ್ಕಾರದಿಂದ ಮರೆಯುವರು, ಮತ್ತೊಬ್ಬರು ಪೂಜೆಯಿಂದ ಮರೆಸುವರು.

ಇದರಿಂದ ಏನು ಕೆಟ್ಟಿತೆಂಬದಕ್ಕೆ ದೂರ ಹೋಗಬೇಕಾಗಿಲ್ಲ. ಬಾಗೇವಾಡಿಯ ಕಡೆಯಿಂದ ಕೊಲ್ಹಾರದ ಹತ್ತಿರ ಕೃಷ್ಣೆಯನ್ನು ದಾಟಿದರೆ ಬೀಳಗಿಯ ಸೀಮೆ. 1997ರಲ್ಲಿ ಬಾಗಲಕೋಟೆ ಜಿಲ್ಲೆಯಾಗುವವರೆಗೆ ಅದು ವಿಜಯಪುರ ಜಿಲ್ಲೆಯದೇ ಭಾಗವಾಗಿತ್ತು. ಆ ಬೀಳಗಿಯಲ್ಲಿ ಅಮೀರಬಾಯಿ ಕರ್ನಾಟಕಿ ಹುಟ್ಟಿದಳು. ಮುಂಬಯಿಗೆ ಹೋಗಿ, 1943ರ 'ಕಿಸ್ಮತ್' ಚಿತ್ರದಲ್ಲಿ ಅನಿಲ ಬಿಸ್ವಾಸರ ಸಂಗೀತಕ್ಕೆ ಹಾಡಿ, ಇಡೀ ಹಿಂದುಸ್ಥಾನಕ್ಕೆ ಪರಿಚಿತಳಾದಳು. ತನ್ನ ಹೆಸರಿನಲ್ಲಿಯೇ 'ಕರ್ನಾಟಕಿ' ಎಂಬ ಪದವನ್ನು ಹೊತ್ತು ತಿರುಗಿದಳು; 1965ರಲ್ಲಿ ತೀರಿಕೊಂಡಳು. ಇಂಥವಳ ಹುಟ್ಟಿದ ವರ್ಷವು ಒಂದು ಪುಸ್ತಕದಲ್ಲಿ 1906 ಎಂದೂ ಮತ್ತೊಂದರಲ್ಲಿ 1912 ಎಂದೂ ಅಚ್ಚಾಗುತ್ತದೆ. ನೂರಾರು ವರ್ಷಗಳ ಹಿಂದಿನ ಶಾಸನದ ತಿಥಿವಾರಗಳಿಗಾಗಿ ವಾದಿಸುವ ವಿದ್ವಾಂಸರ ನಾಡಿನಲ್ಲಿ, ಧ್ವನಿಮುದ್ರಿಕೆಗಳಲ್ಲಿ ಇಂದಿಗೂ ಹಾಡುತ್ತಿರುವ ಹೆಣ್ಣುಮಗಳ ಜನ್ಮವರ್ಷವು ನಿಶ್ಚಯವಾಗಲಿಲ್ಲ! ಆಕೆಯು ಸತ್ತು ಎಷ್ಟೋ ದಶಕಗಳ ತರುವಾಯ ರಹಮತ್ ತರೀಕೆರೆಯವರು ಕನ್ನಡದಲ್ಲಿ ಆಕೆಯ ಜೀವನವನ್ನು ಬರೆದರು. ಅವರ ಶ್ರಮವು ಸ್ತುತ್ಯವಾದದ್ದು. ಆದರೆ ಆಕೆಯನ್ನು ಕಂಡು ಕೇಳಿ ಬಲ್ಲವರು ಜೀವಂತರಿದ್ದ ಕಾಲದಲ್ಲಿ ಬರೆಯಬೇಕಾದದ್ದನ್ನು ಅವರೆಲ್ಲ ಮರೆಯಾದ ಮೇಲೆ ಬರೆಯಬೇಕಾದ ಪ್ರಸಂಗವು ಯಾರಿಗೂ ಭೂಷಣವಲ್ಲ.

ಅಮೀರಬಾಯಿಯ ಅಕ್ಕತಂಗಿಯರಲ್ಲಿ ಒಬ್ಬಳಾದ ಗೋಹರಬಾಯಿಯ ಗತಿಯು ಇನ್ನೂ ಕಠಿಣವಾದದ್ದು. ಈಕೆಯು 1938ರಲ್ಲಿ ಬಾಲಗಂಧರ್ವರ ನಾಟಕ ಮಂಡಳಿಯನ್ನು ಸೇರಿದಳು, ಮುಂದೆ ಅವರ ಪತ್ನಿಯಾದಳು. ಮರಾಠೀ ರಂಗಭೂಮಿಯ ಕಥನಗಳಲ್ಲಿ ಈಕೆಯ ಪಾಲಿಗೆ ಬಂದದ್ದು ಆ ಮಹಾನಟರ ಅವನತಿಗೆ ಕಾರಣಳೆಂಬ ಅಪವಾದ. ಆದರೆ ಗಂಧರ್ವ ಮಂಡಳಿಯು 1921ರಷ್ಟು ಹಿಂದೆಯೇ ಭಾರಿ ಸಾಲದಲ್ಲಿ ಮುಳುಗಿತ್ತು. ಚಲಚ್ಚಿತ್ರವು ರಂಗಭೂಮಿಯ ಪ್ರೇಕ್ಷಕರನ್ನು ಸೆಳೆದುಕೊಂಡ ಮೇಲೆ, 1935ರಲ್ಲಿ ಸ್ವತಃ ಬಾಲಗಂಧರ್ವರೇ 'ಧರ್ಮಾತ್ಮಾ' ಎಂಬ ಚಿತ್ರದಲ್ಲಿ ನಟಿಸಿದ್ದರು. ಇವೆಲ್ಲ ಗೋಹರಬಾಯಿಯು ಬರುವ ಮೊದಲಿನ ಮಾತುಗಳು. ಹೀಗಿದ್ದರೂ ಅಪವಾದವು ನಿಂತಿತು. ಏಕೆಂದರೆ ಆಕೆಯ ಪರವಾಗಿ ಸಾಕ್ಷಿ ನುಡಿಯಬೇಕಾದ ಕನ್ನಡವು ಬಾಯಿ ಮುಚ್ಚಿಕೊಂಡಿತ್ತು. ತನ್ನ ಭಾಷೆಯಲ್ಲಿ ಚರಿತ್ರೆಯಿಲ್ಲದವಳು ಮತ್ತೊಬ್ಬರ ಚರಿತ್ರೆಯಲ್ಲಿ ಖಳಪಾತ್ರವಾಗುವಳು. ನಟಿಯ ಜೀವನವು ಕ್ಷುಲ್ಲಕ ವಿಷಯವೆನ್ನುವ ಪಂಡಿತರು ಈ ಒಂದು ನಿದರ್ಶನಕ್ಕೆ ಉತ್ತರ ಹೇಳಲಿ.

ಶಾಂತಾ ಹುಬಳೀಕರರು ಹುಬ್ಬಳ್ಳಿಯ ಹತ್ತಿರದ ಅದರಗುಂಚಿಯಲ್ಲಿ 1914ರಲ್ಲಿ ಹುಟ್ಟಿದವರು. 1939ರಲ್ಲಿ ಪ್ರಭಾತ ಕಂಪನಿಯವರು ತೆಗೆದ, ವ್ಹಿ. ಶಾಂತಾರಾಮರು ನಿರ್ದೇಶಿಸಿದ 'ಮಾಣೂಸ' ಚಿತ್ರದ ನಾಯಿಕೆ. ಅವರ ಆತ್ಮಚರಿತ್ರೆಯು 1990ರಲ್ಲಿ 'ಕಶಾಲಾ ಉದ್ಯಾಚೀ ಬಾತ' ಎಂಬ ಹೆಸರಿನಿಂದ ಹೊರಬಿತ್ತು, ಭಾಷೆಯು ಮರಾಠಿ. ಧಾರವಾಡದಲ್ಲಿ ಹುಟ್ಟಿದ ಲೀಲಾ ಚಿಟಣೀಸರು 1981ರಲ್ಲಿ 'ಚಂದೇರೀ ದುನಿಯೇತ' ಎಂಬ ಆತ್ಮಕಥೆಯನ್ನು ಬರೆದರು; ಅದೂ ಮರಾಠಿ. ಚಿಟಣೀಸರಿಗೆ ಅದು ಸಹಜ ಭಾಷೆಯಾಗಿತ್ತು, ಆದ್ದರಿಂದ ಅವರಲ್ಲಿ ದೋಷವಿಲ್ಲ. ಮರಾಠಿಯಲ್ಲಿಯೂ ದೋಷವಿಲ್ಲ, ಕೇಳುವ ಕಿವಿಯಿದ್ದಲ್ಲಿ ಮಾತು ಹೋಗಿ ಸೇರಿತು, ಅಷ್ಟೇ. ಅಮೇರಿಕೆಯ ಬೆಂಜಮಿನ್ ಫ್ರ್ಯಾಂಕ್ಲಿನ್ನನ ಆತ್ಮಚರಿತ್ರೆಯು ಸಹ ಮೊದಲು ಅಚ್ಚಾದದ್ದು 1791ರಲ್ಲಿ ಪ್ಯಾರಿಸ್ಸಿನಲ್ಲಿ, ಫ್ರೆಂಚ್ ಭಾಷೆಯಲ್ಲಿ. ಆದರೆ ಇಂಗ್ಲಿಷ್ ಓದುಗರು ಎರಡೇ ವರ್ಷಗಳಲ್ಲಿ ಅದನ್ನು ತಮ್ಮ ಭಾಷೆಗೆ ತಂದುಕೊಂಡರು. ಉತ್ತರ ಕರ್ನಾಟಕದ ಸುಶಿಕ್ಷಿತ ಸಮಾಜಕ್ಕೆ ತನ್ನ ನಟಿಯರ ವಿಷಯದಲ್ಲಿ ಅಂಥ ಆತುರವು ಎಂದಾದರೂ ಹುಟ್ಟಿತೇ?

ಇನ್ನು ಅಭಿಮಾನಿಗಳ ಪಕ್ಷ. ಇವರಲ್ಲಿ ಉತ್ಸಾಹದ ಕೊರತೆಯಿಲ್ಲ, ಶ್ರಮದ ಕೊರತೆಯೂ ಇಲ್ಲ. ದೊಡ್ಡಹುಲ್ಲೂರು ರುಕ್ಕೋಜಿಯವರು ಡಾ. ರಾಜಕುಮಾರರ ಸಮಗ್ರ ಚರಿತ್ರೆಯನ್ನು ಬೃಹತ್ ಸಂಪುಟಗಳಲ್ಲಿ ಕಟ್ಟಿ, ಒಬ್ಬ ನಟನ ಬಾಳಿಗೆ ಎಷ್ಟು ಸಾಮಗ್ರಿಯನ್ನು ಕೂಡಿಹಾಕಬಹುದೆಂಬದನ್ನು ತೋರಿಸಿದ್ದಾರೆ. ಗುಬ್ಬಿ ವೀರಣ್ಣನವರು 'ಕಲೆಯೇ ಕಾಯಕ'ದಲ್ಲಿ ತಮ್ಮ ಬಾಳನ್ನು ತಾವೇ ಹೇಳಿಕೊಂಡಿದ್ದಾರೆ. ಇಂಥ ನಾಲ್ಕಾರನ್ನು ಬಿಟ್ಟರೆ, ಪೇಟೆಯಲ್ಲಿ ಸಿಕ್ಕುವ ತಾರಾಚರಿತ್ರೆಗಳ ಪಾಡೇನು? ಬಡತನದ ಬಾಲ್ಯಕ್ಕೆ ನಾಲ್ಕು ಪುಟ. ದೈವಕೃಪೆಗೆ ಒಂದು ಪುಟ. ಉಳಿದದ್ದೆಲ್ಲ ಚಿತ್ರಗಳ ಪಟ್ಟಿ, ಹಾರತುರಾಯಿಗಳ ವರ್ಣನೆ, ಮಂತ್ರಿಗಳೊಡನೆ ತೆಗೆಸಿಕೊಂಡ ಛಾಯಾಚಿತ್ರಗಳು. ಸಂಬಳವೆಷ್ಟು, ಸಾಲವೆಷ್ಟು, ಮೋಸ ಮಾಡಿದವರಾರು, ಚರಿತ್ರನಾಯಕನೇ ಯಾರಿಗೆ ಅನ್ಯಾಯ ಮಾಡಿದನು, ಇವು ಯಾವುವೂ ಇಲ್ಲ. ಕೀರ್ತಿಯು ಬಂದ ಕ್ಷಣದಲ್ಲಿ ಕಥೆಯು ಸಾಯುವದು. ಚಾರ್ಲಿ ಚಾಪ್ಲಿನ್ನನು 1964ರಲ್ಲಿ ಪ್ರಕಟಿಸಿದ ಆತ್ಮಚರಿತ್ರೆಗೂ ಈ ದೋಷವು ತಪ್ಪಲಿಲ್ಲ. ಲಂಡನ್ನಿನ ಬಡತನ, ಅನಾಥಾಲಯ, ಬುದ್ಧಿಭ್ರಮಣೆಯಾದ ತಾಯಿ, ಇವುಗಳನ್ನು ಹೇಳುವ ಮೊದಲ ಅಧ್ಯಾಯಗಳು ಓದುಗನ ಹೃದಯವನ್ನು ಹಿಂಡುವವು. ದೊಡ್ಡವರ ಪರಿಚಯಗಳು ಆರಂಭವಾದೊಡನೆ ಪುಸ್ತಕವು ಸೊರಗುವದು.

ಅಮೇರಿಕೆಯ ಹಳೆಯ ಕಥೆಗಾರರು ಬೇಕಾಗುವದು ಇಲ್ಲಿಯೇ. ಅವರನ್ನು ಮೇಲಿನ ಹಲಗೆಯಿಂದ ಕೆಳಗಿಳಿಸಿ, ತಾರೆಯರ ಚರಿತ್ರೆಗಳ ಪಕ್ಕದಲ್ಲಿಟ್ಟು ಓದಬೇಕು. ಅವರಿಂದ ಕಲಿಯತಕ್ಕ ಪಾಠಗಳು ಮುಖ್ಯವಾಗಿ ಮೂರು.

ಮೊದಲನೆಯದು ಮಾತು. ಮಾರ್ಕ್ ಟ್ವೇನನು 1885ರಲ್ಲಿ ಅಮೇರಿಕೆಯಲ್ಲಿ ಪ್ರಕಟಿಸಿದ 'ಹಕಲ್‌ಬೆರಿ ಫಿನ್' ಕಾದಂಬರಿಯನ್ನು ಶಾಲೆಯ ಇಂಗ್ಲಿಷಿನಲ್ಲಿ ಬರೆಯಲಿಲ್ಲ. ಮಿಸಿಸಿಪ್ಪಿಯ ದಂಡೆಯ ಹುಡುಗನ ಬಾಯಿಯಲ್ಲಿ ಅವನದೇ ಮಾತನ್ನಿಟ್ಟನು. ಕಥೆಯಲ್ಲಿ ಹಲವು ಆಡುನುಡಿಗಳಿವೆಯೆಂದು ಮೊದಲಿಗೇ ಒಂದು ಸೂಚನೆಯನ್ನು ಕೊಟ್ಟನು. ಅದೇ ವರ್ಷ ಕಾಂಕರ್ಡ್ ನಗರದ ಗ್ರಂಥಾಲಯದವರು ಅದನ್ನು ಗ್ರಾಮ್ಯವೆಂದು ಹೊರಗೆ ಹಾಕಿದರು. ಗ್ರಂಥಾಲಯದ ತೀರ್ಪು ಮರೆತುಹೋಯಿತು, ಹುಡುಗನ ಮಾತು ಉಳಿಯಿತು. ಇಲ್ಲಿಯ ತಾರಾಚರಿತ್ರೆಗಳಲ್ಲಿಯಾದರೋ ಬೀಳಗಿಯವಳೂ ಅದರಗುಂಚಿಯವಳೂ ಪತ್ರಿಕೆಯ ಸಂಪಾದಕೀಯದ ಕನ್ನಡವನ್ನೇ ಆಡುವರು! ಹಳೆಯ ಇಂಡಿ ತಾಲೂಕಿಗೆ ಸೇರಿದ ಹಲಸಂಗಿಯ ಗೆಳೆಯರು ಬೀಸುವ ಕಲ್ಲಿನ ಮುಂದೆ ಕುಳಿತ ಗರತಿಯರ ಬಾಯಿಂದ ಬಂದ ನುಡಿಯನ್ನು ತಿದ್ದದೆ ಬರೆದುಕೊಂಡು 1931ರಲ್ಲಿ 'ಗರತಿಯ ಹಾಡು' ಸಂಗ್ರಹವನ್ನು ಹೊರಗೆ ತಂದರು. ಟ್ವೇನನ ಪಾಠವು ಈ ಸೀಮೆಗೆ ಪರಕೀಯವಲ್ಲ. ಮರೆತುಹೋದ ಸ್ವಂತ ಪಾಠವೇ ಆಗಿದೆ.

ಎರಡನೆಯದು ತಪ್ಪೊಪ್ಪು. ಫ್ರ್ಯಾಂಕ್ಲಿನ್ನನು ಮುದ್ರಣದ ಕೆಲಸದವನು. ತನ್ನ ಬಾಳಿನ ತಪ್ಪುಗಳನ್ನು ಅವನು ಅಚ್ಚಿನ ದೋಷಗಳೆಂದೇ ಕರೆದು, ಒಂದೊಂದನ್ನೂ ಬೊಟ್ಟು ಮಾಡಿ ತೋರಿಸಿದನು. ಒಪ್ಪೋಲೆಯಿಲ್ಲದ ಗ್ರಂಥವಿಲ್ಲ, ತಪ್ಪಿಲ್ಲದ ಬಾಳಿಲ್ಲ ಎಂಬದು ಅವನ ಭಾವ. ಅದರಿಂದ ಅವನ ಗೌರವವು ಕುಗ್ಗಲಿಲ್ಲ. 'ನಮ್ಮ ಸಂಸ್ಕೃತಿಗೆ ಇದು ಒಗ್ಗದು, ದೊಡ್ಡವರ ದೋಷಗಳನ್ನು ಎಣಿಸಬಾರದು' ಎಂದು ಅಭಿಮಾನಿಗಳು ಆಕ್ಷೇಪಿಸುವರು. ಈ ಆಕ್ಷೇಪವನ್ನು ಬಸವನ ಬಾಗೇವಾಡಿಯ ನೆಲದ ಮೇಲೆ ನಿಂತು ಮಾಡುವದು ಆಶ್ಚರ್ಯವೇ ಸರಿ. ತನ್ನ ಮನಸ್ಸಿನ ಚಂಚಲತೆಯನ್ನು ತಾನೇ ಎತ್ತಿ ಹೇಳಿ, ತನ್ನನ್ನು ತಾನೇ ತೂಗಿ ನೋಡಿಕೊಳ್ಳುವದನ್ನು ಸಾಹಿತ್ಯವಾಗಿಸಿದ ಮಹಾಪುರುಷನು ಹುಟ್ಟಿದ ಊರು ಅದು. ಹಲಸಂಗಿಯ ಮಧುರಚೆನ್ನರು ಸಹ 'ಪೂರ್ವರಂಗ', 'ಕಾಳರಾತ್ರಿ', 'ಬೆಳಗು' ಕೃತಿಗಳಲ್ಲಿ ತಮ್ಮ ಒಳಗಿನ ಸಂಶಯ ಸಂಕಟಗಳನ್ನು ಮುಚ್ಚಿಡಲಿಲ್ಲ. ಶರಣನೂ ಸಾಧಕನೂ ತನ್ನ ಕೊರತೆಯನ್ನು ಹೇಳಬಹುದಾದರೆ ನಟನಿಗೆ ಮಾತ್ರ ಏಕೆ ಈ ದೇವತ್ವದ ಸಂಕೋಲೆ?

ಮೂರನೆಯದು ಸಣ್ಣವರ ಕಾಳಜಿ. ಶೆರ್‌ವುಡ್ ಆಂಡರ್‌ಸನ್ನನು 1919ರಲ್ಲಿ 'ವೈನ್ಸ್‌ಬರ್ಗ್, ಓಹಾಯೋ' ಎಂಬ ಕಥಾಮಾಲೆಯನ್ನು ಬರೆದನು. ಅದರ ಊರು ಇಂಡಿ ಸಿಂದಗಿಗಳಂಥ ಒಂದು ಸಣ್ಣ ಊರು. ಡಾಕ್ಟರ, ಮಾಸ್ತರ, ಖಾನಾವಳಿಯ ಒಡತಿ, ಅಂಗಡಿಯ ಮಗ, ಪ್ರತಿಯೊಬ್ಬರ ಎದೆಯಲ್ಲಿಯೂ ಹೇಳದೆ ಉಳಿದ ಒಂದು ಮಾತಿದೆ ಎಂಬದನ್ನು ಅವನು ತೋರಿಸಿದನು. ತಾರಾಚರಿತ್ರೆಯಲ್ಲಿ ತಾರೆಯೊಬ್ಬಳೇ ಇರುವಳು. ಪೇಟಿ ಬಾರಿಸಿದವನೆಲ್ಲಿ? ಪರದೆ ಎಳೆದವನೆಲ್ಲಿ? ಕಂದಗಲ್ಲ ಹನುಮಂತರಾಯರ 'ರಕ್ತರಾತ್ರಿ'ಯನ್ನು ಊರೂರಿಗೆ ಆಡುತ್ತ ಚಕ್ಕಡಿಯಲ್ಲಿ ತಿರುಗಿ, ಹೆಸರಿಲ್ಲದೆ ಅಳಿದ ನಟಿಯರೆಲ್ಲಿ? ನೂರು ಜನರು ಹೊತ್ತ ಪಲ್ಲಕ್ಕಿಯಲ್ಲಿ ಒಬ್ಬರು ಕುಳಿತರೆಂದು ನೂರು ಜನರನ್ನು ಅಳಿಸುವದು ಚರಿತ್ರೆಯಲ್ಲ.

ಅಮೇರಿಕೆಯ ಕಥೆಗಾರರಲ್ಲಿದ್ದುದೆಲ್ಲವೂ ಗ್ರಾಹ್ಯವೆಂದು ಇದರರ್ಥವಲ್ಲ. ಓ. ಹೆನ್ರಿಯು ಕಥೆಯ ಕೊನೆಯಲ್ಲಿ ಫಕ್ಕನೆ ತಿರುವು ಕೊಡುವದರಲ್ಲಿ ನಿಸ್ಸೀಮನು. ಮನುಷ್ಯನ ಬಾಳಿಗಾದರೋ ಅಂಥ ಚಮತ್ಕಾರದ ಕೊನೆಯಿರುವದಿಲ್ಲ. ಜೀವನಚರಿತ್ರೆಯು ಕಥೆಯ ಕಣ್ಣನ್ನು ಎರವಲು ತರಬೇಕೇ ಹೊರತು ಕಥೆಯ ಕಲ್ಪನೆಯನ್ನಲ್ಲ. ನಡೆಯದ ಸಂಭಾಷಣೆಗಳನ್ನು ಹೊಸೆದು ಸೇರಿಸುವವನು ಸ್ತೋತ್ರಕಾರನಿಗಿಂತಲೂ ಹೆಚ್ಚಿನ ಅಪರಾಧಿಯು.

ಇಷ್ಟೆಲ್ಲದರ ಬಳಿಕ ಪಂಡಿತರ ಕೊನೆಯ ಪ್ರಶ್ನೆಯೊಂದು ಉಳಿಯುವದು: 'ಕೆರೆ ಬಾವಿಗಳು ಬತ್ತುವ ಈ ಸೀಮೆಯಲ್ಲಿ ನಟಿಯ ಜೀವನಕ್ಕೇನು ಅವಸರ?' ಅವಸರವಿದೆ. ಬರಗಾಲವು ಮತ್ತೆ ಬರುವದು, ಮಳೆಯೂ ಮತ್ತೆ ಬರುವದು. ನಾಟಕ ಕಂಪನಿಯಲ್ಲಿ ಪಾತ್ರ ಮಾಡಿದ ಮುದುಕಿಯು ಒಮ್ಮೆ ಹೋದರೆ ಮತ್ತೆ ಬಾರಳು. ಅಮೇರಿಕೆಯ ವಾಶಿಂಗ್ಟನ್ ಆಯರ್ವಿಂಗನ 1819ರ ಕಥೆಯಲ್ಲಿ ರಿಪ್ ವ್ಯಾನ್ ವಿಂಕಲ್ಲನು ಇಪ್ಪತ್ತು ವರ್ಷ ನಿದ್ದೆ ಮಾಡಿ ಎದ್ದು ಬಂದಾಗ ಗುರುತಿಸುವವರು ಯಾರೂ ಇರಲಿಲ್ಲ. ಅವನಾದರೂ ಮಲಗಿದವನು. ಇಲ್ಲಿ ಎಚ್ಚರವಿದ್ದು ದುಡಿದವಳನ್ನೇ ಊರು ಗುರುತಿಸದು.

ತಾಲೂಕಿನ ಗ್ರಂಥಾಲಯಗಳು ಅಮೀರಬಾಯಿಯ ಚರಿತ್ರೆಯನ್ನು ಟ್ವೇನನ ಮಗ್ಗುಲಲ್ಲಿಡಲಿ. ಮರಾಠೀ ಕನ್ನಡ ಎರಡನ್ನೂ ಬಲ್ಲವರು ಈ ಗಡಿಸೀಮೆಯಲ್ಲಿ ಮನೆಮನೆಗೂ ಇದ್ದಾರೆ. ಅವರು ಆ ಭಾಷೆಯಲ್ಲಿರುವ ಕನ್ನಡ ನೆಲದ ಬಾಳುಗಳನ್ನು ಓದಿ ಇಲ್ಲಿಯವರಿಗೆ ತಿಳಿಸಲಿ. ಕಾಲೇಜಿನ ತರುಣ ತರುಣಿಯರು ತಮ್ಮ ಊರಿನಲ್ಲಿ ಬಣ್ಣ ಹಚ್ಚಿದ ಹಿರಿಯರ ಬಳಿ ಕುಳಿತು, ಅವರು ಆಡಿದಂತೆಯೇ ಬರೆದುಕೊಳ್ಳಲಿ. ತಿದ್ದುವದು ಬೇಡ, ಹೊಗಳುವದೂ ಬೇಡ. ಕೃಷ್ಣೆಯ ಆಚೆಯ ದಂಡೆಯಲ್ಲಿ ಹುಟ್ಟಿದ ಒಬ್ಬ ಹಾಡುಗಾರ್ತಿಯ ಜನ್ಮವರ್ಷವನ್ನು ಎರಡು ಬಗೆಯಾಗಿ ಅಚ್ಚು ಹಾಕುವ ಸಮಾಜವು, ಮಿಸಿಸಿಪ್ಪಿಯ ದಂಡೆಯ ಸಾಹಿತ್ಯದಲ್ಲಿ ಪಾಂಡಿತ್ಯವನ್ನು ಮೆರೆಯುವದಕ್ಕಿಂತ ಮೊದಲು ತನ್ನ ಮನೆಯ ಕೆಳಗಿನ ಹಲಗೆಯನ್ನು ಒರಸಿಕೊಳ್ಳುವದು ಒಳಿತು.