ಜೀವಭಯಕ್ಕೂ ವಕಾಲತ್ತು ಬೇಕೇ?

‘ನನ್ನನ್ನು ಕೊಲ್ಲುತ್ತಾರೆ, ಕಾಪಾಡಿ’ ಎಂದು ಠಾಣೆಯ ಬಾಗಿಲಿಗೆ ಬಂದವರಿಗೆ ಬಹಳ ಸಲ ಸಿಗುವ ಉತ್ತರ ಒಂದೇ: ‘ಕೋರ್ಟಿನಿಂದ ಆರ್ಡರ್ ತನ್ನಿ’. ಕೇಳಲು ಇದು ನಿಯಮದ ಮಾತಿನಂತಿದೆ. ನಿಜವಾಗಿ ಇದು ಕರ್ತವ್ಯದಿಂದ ಜಾರಿಕೊಳ್ಳುವ ಮಾತು. ಕೊಲೆಯಂಥ ಅಪರಾಧ ನಡೆಯುವ ಮೊದಲೇ ತಡೆಯುವುದು ಪೊಲೀಸರ ಹೊಣೆ ಎಂದು ಸಿಆರ್‌ಪಿಸಿಯ 149ನೇ ಕಲಂ ಹೇಳುತ್ತಿತ್ತು. ಈಗಿನ ನಾಗರಿಕ ಸುರಕ್ಷಾ ಸಂಹಿತೆಯ 168ನೇ ಕಲಂ ಅದನ್ನೇ ಹೇಳುತ್ತದೆ. ಇದಕ್ಕೆ ಯಾವ ನ್ಯಾಯಾಧೀಶರ ಸಹಿಯೂ ಬೇಕಿಲ್ಲ.

ನಾನಿರುವ ಕಿದ್ವಾಯಿ ನಗರದಿಂದ ದೆಹಲಿ ಹೈಕೋರ್ಟು ಕೆಲವೇ ಕಿಲೋಮೀಟರ್. ಸಂಬಳದವರಾದ ನಮಗೆ ವಕೀಲರೂ ಸಿಗುತ್ತಾರೆ. ಆದರೆ ಮನೆಯವರ ಮಾತು ಮೀರಿ ಮದುವೆಯಾಗಿ, ಒಂದು ಬ್ಯಾಗು ಹಿಡಿದು ರಾತ್ರಿ ಬಸ್ಸು ಹತ್ತಿದ ಹುಡುಗ ಹುಡುಗಿಗೆ? ವಕಾಲತ್ತು, ಅಫಿಡವಿಟ್ಟು, 226ನೇ ವಿಧಿಯ ರಿಟ್ ಅರ್ಜಿ ಎಲ್ಲ ಆಗಬೇಕು. ಯಾರಿಗೆ ಹೆದರಿ ಓಡಿ ಬಂದರೋ ಅವರನ್ನೇ ಎದುರುಪಕ್ಷ ಮಾಡಿ, ಅದೇ ಅರ್ಜಿಯಲ್ಲಿ ತಮ್ಮ ವಿಳಾಸವನ್ನೂ ಬರೆಯಬೇಕು.

ಇಷ್ಟಾಗಿ ಆದೇಶ ಬಂತು ಅನ್ನಿ. ನಾನು ಸಾಫ್ಟ್‌ವೇರ್ ಪ್ರಾಜೆಕ್ಟ್ ನಡೆಸುವವನು. ಟಿಕೆಟ್ ಕ್ಲೋಸ್ ಆದ ಮಾತ್ರಕ್ಕೆ ಸಮಸ್ಯೆ ಮುಗಿಯುವುದಿಲ್ಲ ಎಂದು ನಮ್ಮ ಕಸುಬಿನಲ್ಲಿ ಎಲ್ಲರಿಗೂ ಗೊತ್ತು. ಹೊಣೆ ಯಾರದು, ಎಲ್ಲಿಯವರೆಗೆ, ಪಾಳಿ ಮುಗಿದಾಗ ಯಾರಿಗೆ ಒಪ್ಪಿಸಬೇಕು ಎಂಬುದು ಬರೆದಿರಬೇಕು. ರಕ್ಷಣೆಯ ಆದೇಶ ಸೋಲುವುದು ಇಲ್ಲೇ.

ದೆಹಲಿಯಿಂದ ದೂರವಿಲ್ಲದ ಹರಿಯಾಣದ ಮನೋಜ್–ಬಬ್ಲಿ ಪ್ರಕರಣ ನೋಡಿ. 2007ರ ಜೂನ್‌ನಲ್ಲಿ ಕೈಥಲ್ ನ್ಯಾಯಾಲಯ ಅವರಿಗೆ ಪೊಲೀಸ್ ರಕ್ಷಣೆ ಕೊಟ್ಟಿತ್ತು. ಜೊತೆಗೆ ಬಂದ ಪೊಲೀಸರು ದಾರಿಯಲ್ಲೇ ಬಿಟ್ಟು ಹೋದರು. ಬಸ್ಸಿನಿಂದ ಇಳಿಸಿಕೊಂಡು ಹೋಗಿ ಕೊಂದರು. ಹೆಣಗಳು ಕಾಲುವೆಯಲ್ಲಿ ಸಿಕ್ಕವು. ಆದೇಶವೂ ಇತ್ತು, ಪೊಲೀಸರೂ ಇದ್ದರು. ಇಲ್ಲದೆ ಹೋದದ್ದು ‘ಇನ್ನು ಮುಂದೆ ಯಾರು’ ಎಂಬ ಪ್ರಶ್ನೆಗೆ ಉತ್ತರ.

ಆ ಉತ್ತರವನ್ನು ಸುಪ್ರೀಂ ಕೋರ್ಟು 2018ರ ಮಾರ್ಚ್ 27ರಂದು ಶಕ್ತಿ ವಾಹಿನಿ ತೀರ್ಪಿನಲ್ಲಿ ಬರೆದುಕೊಟ್ಟಿತು. ಜಿಲ್ಲೆಗೊಂದು ವಿಶೇಷ ಘಟಕ, ಇಪ್ಪತ್ತನಾಲ್ಕು ಗಂಟೆಯ ಸಹಾಯವಾಣಿ, ಸುರಕ್ಷಿತ ವಸತಿ, ಬೆದರಿಕೆಯ ದೂರಿಗೆ ವಾರದೊಳಗೆ ಹಿರಿಯ ಅಧಿಕಾರಿಯ ವಿಚಾರಣಾ ವರದಿ. ವಸತಿ ಮೊದಲು ಒಂದು ತಿಂಗಳು, ಅಪಾಯ ನೋಡಿಕೊಂಡು ಒಂದು ವರ್ಷದವರೆಗೆ. ಇದನ್ನು ಪಾಲಿಸಿದ್ದರೆ ಪ್ರತಿ ಜೋಡಿಯೂ ಹೈಕೋರ್ಟಿನ ಮೆಟ್ಟಿಲು ಹತ್ತುವ ಅಗತ್ಯವೇ ಇರುತ್ತಿರಲಿಲ್ಲ.

ಒಂದು ವರ್ಷವೂ ಸಾಲದು ಎಂಬುದಕ್ಕೆ ನಮ್ಮ ಗದಗ ಜಿಲ್ಲೆಯ ಲಕ್ಕಲಕಟ್ಟಿಯೇ ಸಾಕ್ಷಿ. ಜಾತಿ ಮೀರಿ ಮದುವೆಯಾಗಿ ವರ್ಷಗಳೇ ಕಳೆದಿದ್ದ ದಂಪತಿ 2019ರಲ್ಲಿ ಊರಿಗೆ ಮರಳಿದಾಗ ಕಲ್ಲಿನಿಂದ ಹೊಡೆದು ಕೊಂದರು. ಸೇಡಿಗೆ ಕ್ಯಾಲೆಂಡರ್ ಇರುವುದಿಲ್ಲ.

ಇಷ್ಟೆಲ್ಲ ಆದ ಮೇಲೂ 2025ರಲ್ಲಿ ಅಲಹಾಬಾದ್ ಹೈಕೋರ್ಟು, ನಿಜವಾದ ಬೆದರಿಕೆ ಇಲ್ಲದಿದ್ದರೆ ರಕ್ಷಣೆಯನ್ನು ಹಕ್ಕೆಂದು ಕೇಳುವಂತಿಲ್ಲ, ಜೋಡಿಗಳು ಒಬ್ಬರಿಗೊಬ್ಬರು ಆಸರೆಯಾಗಿ ಸಮಾಜವನ್ನು ಎದುರಿಸಬೇಕು ಎಂದಿತು. ಬೆದರಿಕೆ ನಿಜವೋ ಸುಳ್ಳೋ ಪರೀಕ್ಷಿಸಲಿ, ತಕರಾರಿಲ್ಲ. ಆದರೆ ಪರೀಕ್ಷಿಸುವವರು ಯಾರು? ಠಾಣೆಯೇ ದೂರು ಬರೆದುಕೊಳ್ಳದಿದ್ದರೆ ಬೆದರಿಕೆಗೆ ದಾಖಲೆ ಎಲ್ಲಿಂದ ಬರಬೇಕು? ಸಮಾಜವನ್ನು ಎದುರಿಸಿ ಎನ್ನುವುದು ಸುಲಭ. ಎದುರಿಗೆ ನಿಂತಿರುವುದು ಕೊಡಲಿ ಹಿಡಿದ ಅಣ್ಣ.

‘ಎಲ್ಲರಿಗೂ ಗನ್‌ಮ್ಯಾನ್ ಕೊಡಲು ಪೊಲೀಸರೆಲ್ಲಿದ್ದಾರೆ’ ಎನ್ನುವವರಿದ್ದಾರೆ. ಸೈರನ್ ಹಾಕಿಕೊಂಡು ಹೋಗುವ ದೊಡ್ಡವರ ಕಾರುಗಳ ಸಾಲಿಗೆ ದಾರಿ ಬಿಟ್ಟು ನಿಲ್ಲುವ ದೆಹಲಿಯವರಿಗೆ ಈ ಮಾತು ಹೇಳಬೇಡಿ. ಅಷ್ಟಕ್ಕೂ ಗನ್‌ಮ್ಯಾನ್ ಕೇಳಿದವರು ಯಾರು? ಕೇಳುತ್ತಿರುವುದು ನಾಲ್ಕೇ: ದೂರಿಗೆ ಅಂದೇ ಸ್ವೀಕೃತಿ, ವಾರದೊಳಗೆ ಲಿಖಿತ ಅಪಾಯ ವರದಿ, ಹೆಸರು ಮತ್ತು ಮೊಬೈಲ್ ನಂಬರಿನ ಸಮೇತ ಒಬ್ಬ ಹೊಣೆಗಾರ ಅಧಿಕಾರಿ, ಊರು ಬದಲಾದರೆ ಮುಂದಿನ ಠಾಣೆಗೆ ಬರಹದಲ್ಲಿ ಹಸ್ತಾಂತರ. ಇದಕ್ಕೆ ಹೊಸ ಕಾನೂನೂ ಬೇಡ, ಹೊಸ ಬಂದೂಕೂ ಬೇಡ.

ನಮ್ಮ ಕಡೆಯ ಯಾವುದಾದರೂ ಜೋಡಿ ಹೆದರಿ ಈ ಊರಿಗೆ ಬಂದರೆ, ‘ಅಪ್ಪ ಅಮ್ಮನ ಹತ್ತಿರ ಮಾತಾಡಿ ಸರಿಮಾಡಿಕೊಳ್ಳಿ’ ಎಂದು ಬುದ್ಧಿ ಹೇಳಿ ಕಳಿಸಬೇಡಿ. ಇರುವ ಜಾಗವನ್ನು ಊರಿನ ಯಾರಿಗೂ ತಿಳಿಸಬೇಡಿ. ಜೊತೆಗೆ ಠಾಣೆಗೆ ಹೋಗಿ, ಸ್ವೀಕೃತಿ ಕೈಗೆ ಬರುವವರೆಗೆ ಕೂತಿರಿ.