ಹಗೆಯ ಮರುದಿನ ಪರದೆಯ ಮೇಲೆ ಏಕಿಲ್ಲ?

ಇತ್ತ ಶಿರಾ ತಾಲ್ಲೂಕಿನ ತರೂರು, ಗಡಿಯಾಚೆ ಮಡಕಶಿರಾ ಸೀಮೆಯ ನೀಲಕಂಠಾಪುರ. ಎರಡೂ ಕಡೆ ಅದೇ ಕೆಂಪು ನೆಲ, ಅದೇ ಕಡಲೆಕಾಯಿ ಹೊಲ, ಬಂದರೆ ಬಂತು ಇಲ್ಲದಿದ್ದರೆ ಇಲ್ಲ ಎನ್ನುವ ಮಳೆ. ತರೂರು ನಿರ್ದೇಶಕ ಸಿದ್ಧಲಿಂಗಯ್ಯನವರ ಹುಟ್ಟೂರು. ‘ಬಂಗಾರದ ಮನುಷ್ಯ’ (1972), ‘ಭೂತಯ್ಯನ ಮಗ ಅಯ್ಯು’ (1974) ಅವರ ಚಿತ್ರಗಳು. ನೀಲಕಂಠಾಪುರ ಪ್ರಶಾಂತ್ ನೀಲ್ ಅವರ ಮನೆತನದ ಊರು. ‘ಕೆಜಿಎಫ್’ನ ಎರಡು ಭಾಗಗಳು (2018, 2022) ಅವರವು. ಕನ್ನಡ ಸಿನಿಮಾದ ಗಂಡಸು ಐವತ್ತು ವರ್ಷಗಳಲ್ಲಿ ಎಲ್ಲಿಂದ ಎಲ್ಲಿಗೆ ಬಂದ ಎಂದು ತಿಳಿಯಲು ಬೆಂಗಳೂರಿನ ವಿಚಾರ ಸಂಕಿರಣಕ್ಕೆ ಹೋಗಬೇಕಿಲ್ಲ. ಈ ಎರಡು ಊರುಗಳ ನಡುವೆ ನಿಂತು ನೋಡಿದರೂ ಆದೀತು.

‘ಕೆಜಿಎಫ್’ ಬಂದಂದಿನಿಂದ, ಅದರಲ್ಲೂ 2023ರ ಡಿಸೆಂಬರ್‌ನಲ್ಲಿ ಹಿಂದಿಯ ‘ಅನಿಮಲ್’ ತೆರೆ ಕಂಡಮೇಲೆ, ಒಂದೇ ಜಗಳ ಮತ್ತೆ ಮತ್ತೆ ನಡೆಯುತ್ತಿದೆ. ಸಂಸದೆ ರಂಜೀತ್ ರಂಜನ್ ರಾಜ್ಯಸಭೆಯಲ್ಲೇ ಆ ಚಿತ್ರದ ವಿಷಯ ಎತ್ತಿದರು. ಒಂದು ಬಣ ‘ರಕ್ತ ಜಾಸ್ತಿಯಾಯ್ತು, ಕತ್ತರಿ ಹಾಕಿ’ ಎನ್ನುತ್ತದೆ. ಇನ್ನೊಂದು ಬಣ ‘ಸಿನಿಮಾನ ಸಿನಿಮಾ ಥರ ನೋಡ್ರಪ್ಪ’ ಎಂದು ನಕ್ಕುಬಿಡುತ್ತದೆ. ನನಗೆ ಎರಡೂ ಬಣಗಳ ಮಾತು ಒಪ್ಪಿಗೆಯಾಗಿಲ್ಲ. ಎರಡನೆಯದಂತೂ ಶುದ್ಧ ಆತ್ಮವಂಚನೆ.

ಏಕೆಂದರೆ ನಮ್ಮ ಚಿತ್ರರಂಗ ತಲೆತಲಾಂತರದಿಂದ ಹೇಳಿಕೊಂಡು ಬಂದಿರುವ ಹೆಮ್ಮೆಯ ಮಾತೊಂದಿದೆ: ‘ಬಂಗಾರದ ಮನುಷ್ಯ’ ನೋಡಿ ಪೇಟೆ ಸೇರಿದ್ದ ಹುಡುಗರು ಹಳ್ಳಿಗೆ ವಾಪಸು ಬಂದು ನೇಗಿಲು ಹಿಡಿದರು ಎಂಬುದು. ರಾಜ್‌ಕುಮಾರ್ ಹುಟ್ಟುಹಬ್ಬದ ಯಾವ ಭಾಷಣವೂ ಇದಿಲ್ಲದೆ ಮುಗಿಯುವುದಿಲ್ಲ. ಸರಿ, ಒಪ್ಪೋಣ. ಹಾಗಿದ್ದರೆ ಆ ಚಿತ್ರದ ನಾಯಕ ರಾಜೀವನಿಂದ ಹುಡುಗರು ಕಲಿತಾರು, ‘ಕೆಜಿಎಫ್’ನ ರಾಕಿಯಿಂದ ಮಾತ್ರ ಏನೂ ಕಲಿಯರು ಎಂಬುದು ಯಾವ ಊರಿನ ನ್ಯಾಯ? ಒಳ್ಳೆಯದರ ಕೀರ್ತಿಗೆ ಕೈ ಚಾಚುವವರು ಕೆಟ್ಟದ್ದರ ಲೆಕ್ಕಕ್ಕೂ ಕೈ ಚಾಚಬೇಕು.

ಕತ್ತರಿ ಕೇಳುವವರ ಜೊತೆಗೂ ನಾನಿಲ್ಲ. ಹಿಂಸೆಯನ್ನು ತೋರಿಸಬಾರದು ಎಂದರೆ ಮೊದಲು ಪಂಪ, ರನ್ನರನ್ನು ಪಠ್ಯದಿಂದ ತೆಗೆಯಬೇಕಾಗುತ್ತದೆ. ನನ್ನ ತಕರಾರು ರಕ್ತದ ಬಗ್ಗೆ ಅಲ್ಲವೇ ಅಲ್ಲ, ರಕ್ತ ಒಣಗಿದ ಮೇಲಿನ ಬೆಳಗಿನ ಬಗ್ಗೆ. ಹೊಡೆದವನಿಗೆ ರಾತ್ರಿ ನಿದ್ದೆ ಬರುತ್ತದೆಯೇ, ಸತ್ತವನ ಮನೆಯಲ್ಲಿ ಒಲೆ ಹತ್ತಿತೇ, ಬದುಕುಳಿದವನು ಮಕ್ಕಳ ಎದುರು ಹೇಗೆ ಕೂರುತ್ತಾನೆ? ಇವತ್ತಿನ ದೊಡ್ಡ ಬಜೆಟ್ಟಿನ ಚಿತ್ರ ಇದಿಷ್ಟನ್ನೂ ಬೇಕೆಂದೇ ಹೊರಗಿಡುತ್ತದೆ. ‘ಕೆಜಿಎಫ್’ನಲ್ಲಿ ಮಗನ ಹೆಣದ ಮುಂದೆ ಕುಸಿಯುವ ತಾಯಿಯೊಬ್ಬಳಿದ್ದಾಳೆ, ಈಶ್ವರಿ ರಾವ್ ಅವರ ಅಭಿನಯ ನೆನಪಿನಲ್ಲಿ ಉಳಿಯುತ್ತದೆ. ಆದರೆ ಆ ದುಃಖಕ್ಕೆ ಚಿತ್ರದಲ್ಲಿರುವ ಕೆಲಸ ಒಂದೇ: ನಾಯಕನ ಮುಂದಿನ ಹೊಡೆದಾಟಕ್ಕೆ ಕಾರಣ ಒದಗಿಸುವುದು. ಗರ್ಭಿಣಿ ಹೆಂಡತಿಯ ಸಾವಿಗೂ ಅಷ್ಟೇ ಕೆಲಸ. ಗಂಡಸಿಗೆ ಅಳು ಬಂದರೆ ಅದು ಕೂಡಲೇ ಗನ್ ಆಗಬೇಕು. ಬರಿಯ ಅಳುವಾಗಿ ಉಳಿಯಲು ಅದಕ್ಕೆ ಪರವಾನಗಿ ಇಲ್ಲ.

ಈ ಮಾತನ್ನು ಶಿರಾ, ಪಾವಗಡ, ಮಧುಗಿರಿ, ಕೊರಟಗೆರೆ ಎಂಬ ನಮ್ಮ ನಾಲ್ಕು ತಾಲ್ಲೂಕುಗಳಿಂದ ಹೇಳುವುದಕ್ಕೆ ಕಾರಣವಿದೆ.

2005ರ ಫೆಬ್ರವರಿ 6ರಂದು ಚಿಕ್ಕಮಗಳೂರು ಜಿಲ್ಲೆಯಲ್ಲಿ ನಕ್ಸಲ್ ನಾಯಕ ಸಾಕೇತ್ ರಾಜನ್ ಪೊಲೀಸರ ಗುಂಡಿಗೆ ಸತ್ತರು. ಅದಾದ ಕೆಲವೇ ದಿನಗಳಲ್ಲಿ, ಫೆಬ್ರವರಿ 10ರ ರಾತ್ರಿ, ಪಾವಗಡ ತಾಲ್ಲೂಕಿನ ವೆಂಕಟಮ್ಮನಹಳ್ಳಿಯ ಶಾಲೆಯಲ್ಲಿ ತಂಗಿದ್ದ ಕೆಎಸ್‌ಆರ್‌ಪಿ ತುಕಡಿಯ ಮೇಲೆ ನಕ್ಸಲರ ದೊಡ್ಡ ಗುಂಪು ಎರಗಿತು. ಪೊಲೀಸರು ಸತ್ತರು, ಜೊತೆಗೆ ಒಬ್ಬ ನಾಗರಿಕನೂ ಸತ್ತ. ಮರುದಿನ ಮಂತ್ರಿಗಳು ಬಂದರು, ಕ್ಯಾಮೆರಾಗಳು ಬಂದವು, ಆಮೇಲೆ ಎಲ್ಲರೂ ಹೋದರು. ಅಲ್ಲಿ ಬದುಕುಳಿದ ಪೇದೆ ಮತ್ತೆ ಬಂದೋಬಸ್ತಿಗೆ, ಗಣೇಶನ ಮೆರವಣಿಗೆಗೆ, ಚುನಾವಣಾ ಡ್ಯೂಟಿಗೆ ಹೋಗಿಯೇ ಇರಬೇಕು. ಪಾಠ ಹೇಳುವ ಕೋಣೆಯಲ್ಲಿ ಜೊತೆಗಾರರ ಹೆಣ ಕಂಡವನಿಗೆ ಆಮೇಲಿನ ಇಪ್ಪತ್ತು ವರ್ಷ ಹೇಗಿದ್ದೀತು? ಗುಂಡು ಹಾರಿಸಿ ಕತ್ತಲಲ್ಲಿ ಮರೆಯಾದವರ ಒಳಗೂ ಏನೋ ನಡೆದಿರಬೇಕಲ್ಲ? ನಕ್ಸಲರ ಬಗ್ಗೆ ಕನ್ನಡದಲ್ಲಿ ಚಿತ್ರ ಬಂದಿಲ್ಲವೆಂದಲ್ಲ. ನಾಗತಿಹಳ್ಳಿ ಚಂದ್ರಶೇಖರರ ‘ಮಾತಾಡ್ ಮಾತಾಡು ಮಲ್ಲಿಗೆ’ (2007) ಇದೆ. ಆದರೆ ನಮ್ಮ ಸ್ಟಾರುಗಳು ತೊಟ್ಟ ಲೆಕ್ಕವಿಲ್ಲದಷ್ಟು ಖಾಕಿಯಲ್ಲಿ ವೆಂಕಟಮ್ಮನಹಳ್ಳಿಯ ಆ ಪೇದೆಯ ಅಂಗಿ ನನಗೆ ಕಂಡಿಲ್ಲ. ಪರದೆಯ ಪೊಲೀಸನಿಗೆ ಬಾಯಿ ತುಂಬ ಡೈಲಾಗ್ ಇರುತ್ತದೆ. ಅವನು ರಾತ್ರಿ ಬೆಚ್ಚಿ ಏಳುವುದಿಲ್ಲ.

ಪಾವಗಡಕ್ಕೆ ಇನ್ನೊಂದು ಯುದ್ಧವೂ ನೆರೆಯಲ್ಲೇ ಇತ್ತು. ವೆಂಕಟಮ್ಮನಹಳ್ಳಿಯ ದಾಳಿಗೆ ಹದಿನೇಳು ದಿನ ಮುಂಚೆ, 2005ರ ಜನವರಿ 24ರಂದು, ಪಕ್ಕದ ಪೆನುಕೊಂಡದ ಶಾಸಕ ಪರಿಟಾಲ ರವಿಯವರನ್ನು ಅನಂತಪುರದಲ್ಲಿ ಕೊಂದರು. ಅವರ ತಂದೆಯನ್ನೂ ಹಿಂದೆ ಹೀಗೆಯೇ ಕೊಂದಿದ್ದರು. ರವಿ ಕೊಲೆಯ ಆರೋಪಿ ಸೂರಿಯನ್ನು 2011ರಲ್ಲಿ ಮತ್ತಾರೋ ಕೊಂದರು. ರಾಯಲಸೀಮೆಯ ಈ ‘ಫ್ಯಾಕ್ಷನ್’ ಎಂಬ ಪೀಡೆಯನ್ನು ತೆಲುಗು ಸಿನಿಮಾ ಹಬ್ಬ ಮಾಡಿತು. ‘ಸಮರಸಿಂಹ ರೆಡ್ಡಿ’ (1999), ‘ನರಸಿಂಹ ನಾಯುಡು’ (2001), ‘ಇಂದ್ರ’ (2002): ಸಾಲು ಸಾಲು ಟಾಟಾ ಸುಮೊ, ಮಚ್ಚು, ತೊಡೆ ತಟ್ಟುವ ಹೀರೊ. ತೆಲುಗು ಮನೆಮಾತಾಗಿರುವ ಪಾವಗಡದ ಕಡೆ ಇವು ಹೊರಗಿನವರ ಚಿತ್ರಗಳಾಗಿರಲಿಲ್ಲ. ಗಡಿಯಾಚೆ ನಿಜವಾಗಿ ಸತ್ತವರ ಸುದ್ದಿ ಬೆಳಿಗ್ಗೆ ಪೇಪರಿನಲ್ಲಿ ಓದಿ, ಸಂಜೆ ಅದೇ ಸಾವಿಗೆ ಶಿಳ್ಳೆ ಹೊಡೆಯುವ ವಿಚಿತ್ರ ಅಭ್ಯಾಸ ನಮಗೆ ಅಂಟಿದ್ದು ಹೀಗೆ.

ಆದರೆ ಆ ತೆಲುಗು ಚಿತ್ರರಂಗವೇ 2018ರಲ್ಲಿ ‘ಅರವಿಂದ ಸಮೇತ’ ಮಾಡಿತು. ತ್ರಿವಿಕ್ರಮ್ ನಿರ್ದೇಶನ, ಜೂನಿಯರ್ ಎನ್‌ಟಿಆರ್ ನಾಯಕ. ಉಳಿದ ಚಿತ್ರಗಳು ಕೊನೆಗೆ ಇಟ್ಟುಕೊಳ್ಳುವ ಮಾರಣಹೋಮವನ್ನು ಇದು ಮೊದಲಲ್ಲೇ ಮುಗಿಸಿಬಿಡುತ್ತದೆ. ಆಮೇಲಿನ ಎರಡು ಗಂಟೆಯ ಚಿಂತೆಯೆಲ್ಲ ಈ ಸರಣಿ ನಿಲ್ಲಿಸುವುದು ಹೇಗೆ, ಮನೆಯ ಹೆಂಗಸರಿಗೆ ಏನು ಉತ್ತರ ಕೊಡುವುದು ಎಂಬುದೇ. ಚಿತ್ರ ಚೆನ್ನಾಗಿಯೇ ಓಡಿತು. ಕನ್ನಡದಲ್ಲಿ ರಾಜ್ ಬಿ. ಶೆಟ್ಟಿಯವರ ‘ಗರುಡ ಗಮನ ವೃಷಭ ವಾಹನ’ (2021) ಇದೆ. ಕೊಂದು ಕೊಂದು ಒಳಗೇ ಟೊಳ್ಳಾದ ಶಿವನನ್ನೂ ನರಸತ್ತ ಪೊಲೀಸ್ ಅಧಿಕಾರಿಯನ್ನೂ ಅದು ಕಣ್ಣು ತಪ್ಪಿಸದೆ ನೋಡುತ್ತದೆ. ಸೈನಿಕನ ಮನೆಯ ಕಥೆ ಹೇಳಿದ ರಾಜೇಂದ್ರ ಸಿಂಗ್ ಬಾಬು ಅವರ ‘ಮುತ್ತಿನಹಾರ’ (1990) ಇದೆ. ಯುದ್ಧದಿಂದ ಯುದ್ಧಕ್ಕೆ ಹೋಗುವ ಕೊಡಗಿನ ಅಚ್ಚಪ್ಪನಿಗೆ ದೇಶ ಕೊಟ್ಟದ್ದೆಷ್ಟು, ಮನೆ ಕಳೆದುಕೊಂಡದ್ದೆಷ್ಟು ಎಂಬ ಲೆಕ್ಕವನ್ನು ಅದು ಮುಚ್ಚಿಡುವುದಿಲ್ಲ. ಅಂದರೆ ದಾರಿ ಗೊತ್ತಿಲ್ಲದೆ ಇಲ್ಲ. ಹೋಗಲು ಮನಸ್ಸಿಲ್ಲ.

ಇಲ್ಲಿ ನಿರ್ಮಾಪಕರ ಸಿದ್ಧ ಉತ್ತರವೊಂದಿದೆ: ‘ಜನ ನೋಡಲ್ಲ ಸಾರ್’.

ಜನ ನೋಡುತ್ತಾರೋ ಇಲ್ಲವೋ ಎಂದು ಅನುಮಾನವಿರುವವರು ಸುಗ್ಗಿ ಕಳೆದ ಮೇಲೆ ಕೊರಟಗೆರೆಯದೋ ಮಧುಗಿರಿಯದೋ ಯಾವುದಾದರೂ ಹಳ್ಳಿಗೆ ‘ಕುರುಕ್ಷೇತ್ರ’ ನಾಟಕಕ್ಕೆ ಬರಬೇಕು. ವಾರಕ್ಕೆ ಮುಂಚೆಯೇ ಫ್ಲೆಕ್ಸ್ ಕಟ್ಟಿರುತ್ತಾರೆ. ಬಾಡಿಗೆ ಸೀನರಿ, ಹಾರ್ಮೋನಿಯಂ ಮೇಷ್ಟ್ರು, ತಿಂಗಳುಗಟ್ಟಲೆ ಪ್ರಾಕ್ಟೀಸು. ಪಾರ್ಟು ಮಾಡುವವನೇ ಕೈಯಿಂದ ದುಡ್ಡು ಹಾಕಬೇಕು, ದುರ್ಯೋಧನನ ಪಾರ್ಟಿಗೆ ಹೆಚ್ಚು. ರಾತ್ರಿ ಹತ್ತಕ್ಕೆ ಶುರುವಾದಾಗ ಆತ ಗದೆ ಹೊತ್ತು ಬಂದರೆ ಶಿಳ್ಳೆ, ನೋಟಿನ ಹಾರ, ಭಾವಮೈದ ವೇದಿಕೆ ಹತ್ತಿ ಶಾಲು ಹೊದಿಸುವುದು, ಎಲ್ಲ ಇದೆ. ಗಂಡಸುತನದ ಮೆರವಣಿಗೆಗೆ ಅಲ್ಲೂ ಬರವಿಲ್ಲ. ಆದರೆ ನಾಟಕ ಅಲ್ಲಿಗೆ ನಿಲ್ಲುವುದಿಲ್ಲ. ಬೆಳಗಿನ ಜಾವ ಅದೇ ದುರ್ಯೋಧನ ತಮ್ಮನನ್ನೂ ಕರ್ಣನನ್ನೂ ಕಳೆದುಕೊಂಡು, ಬಣ್ಣವೆಲ್ಲ ಬೆವರಿಗೆ ಇಳಿದು, ಒಬ್ಬನೇ ನಿಂತು ಕಂದ ಹಾಡುತ್ತಾನೆ. ಕಂಬಳಿ ಹೊದ್ದು ತೂಕಡಿಸುತ್ತಿದ್ದ ಮುದುಕಿಯರು ಎದ್ದು ಕೂರುವುದು ಆಗಲೇ. ಹಗಲೆಲ್ಲ ಟ್ರ್ಯಾಕ್ಟರ್ ಓಡಿಸುವ ಮನುಷ್ಯ ಹಾಗೆ ನಿಂತು ಅಳುವುದನ್ನು ನೋಡಲು ಊರು ಏಳೆಂಟು ಗಂಟೆ ಚಳಿಯಲ್ಲಿ ಕಾಯುತ್ತದೆ. ಇವರನ್ನು ಎರಡೂವರೆ ಗಂಟೆಯ ಸಿನಿಮಾಕ್ಕೆ ‘ತಾಳ್ಮೆ ಇಲ್ಲದ ಜನ’ ಎಂದು ಕರೆಯುತ್ತೀರಾ?

ರನ್ನ ಹತ್ತನೆಯ ಶತಮಾನದಲ್ಲೇ ಈ ಕೆಲಸ ಮಾಡಿದ್ದ. ಅವನ ‘ಗದಾಯುದ್ಧ’ದ ದುರ್ಯೋಧನ ಹೆಣಗಳ ನಡುವೆ ಎಡವುತ್ತ ನಡೆದು, ಒಬ್ಬೊಬ್ಬರ ಮುಂದೆಯೂ ನಿಂತು ಮರುಗುತ್ತಾನೆ, ಶತ್ರುವಿನ ಮಗ ಅಭಿಮನ್ಯುವಿನ ಮುಂದೆ ಕೂಡ. ಪಂಪನ ಬಾಹುಬಲಿ ಅಣ್ಣನನ್ನು ಗೆದ್ದ ಕ್ಷಣದಲ್ಲೇ ಗೆಲುವಿಗೆ ಹೇಸಿ ಎದ್ದು ಹೋಗುತ್ತಾನೆ. ಕನ್ನಡದ ಮೊದಲ ಸಾಲಿನ ಕವಿಗಳಿಗೆ ಯುದ್ಧಕ್ಕಿಂತ ಯುದ್ಧದ ಮರುದಿನವೇ ದೊಡ್ಡ ವಸ್ತುವಾಗಿತ್ತು. ನಮ್ಮ ಸಿನಿಮಾ ಅವರನ್ನು ಬಿಟ್ಟು ವೀರಗಲ್ಲಿನ ಶಿಲ್ಪಿಯ ಹಿಂದೆ ಹೋಯಿತು. ಶಿರಾ, ಪಾವಗಡದ ಹೊಲಗಳ ಅಂಚಿನಲ್ಲಿ ನಿಂತ ಆ ಕಲ್ಲುಗಳನ್ನು ನೋಡಿ: ಕೆಳಗೆ ಕಾದಾಟ, ನಡುವೆ ವೀರನನ್ನು ಎತ್ತಿಕೊಂಡು ಹೋಗುವ ಅಪ್ಸರೆಯರು, ಮೇಲೆ ಶಿವನ ಸನ್ನಿಧಿ. ಫೈಟು, ಸ್ಲೋ ಮೋಷನ್, ದೈವತ್ವ. ಕಾಲು ಮುರಿದುಕೊಂಡು ಮನೆಗೆ ಮರಳಿದವನಿಗೆ ಅದರಲ್ಲಿ ಅಂಕಣವಿಲ್ಲ. ಹೆಂಗಸಿಗಂತೂ ಬೇರೆಯದೇ ಕಲ್ಲು, ಮಾಸ್ತಿಕಲ್ಲು.

ಹೆಂಗಸರ ಮಾತು ಬಂದಾಗ ಮಧುಗಿರಿಯ ಏಕಶಿಲಾ ಬೆಟ್ಟ ನೆನಪಾಗುತ್ತದೆ. 1763ರಲ್ಲಿ ಹೈದರಾಲಿ ಬಿದನೂರನ್ನು ಗೆದ್ದದ್ದು ದೊಡ್ಡ ಸಿನಿಮಾಕ್ಕೆ ಹೇಳಿ ಮಾಡಿಸಿದ ಕಥೆ, ಯಾರಾದರೂ ತೆಗೆದಾರು. ಆದರೆ ಸೋತ ರಾಣಿ ವೀರಮ್ಮಾಜಿಯನ್ನು ತಂದು ಇಟ್ಟದ್ದು ಇದೇ ಮಧುಗಿರಿ ಕೋಟೆಯಲ್ಲಿ. 1767ರಲ್ಲಿ ಮರಾಠರು ಬಂದು ಬಿಡಿಸುವವರೆಗೆ ಆಕೆ ಸೆರೆಯಲ್ಲೇ ಇದ್ದಳು. ಆ ನಾಲ್ಕು ವರ್ಷಗಳಿಗೆ ಯಾವ ನಿರ್ಮಾಪಕ ಬಂಡವಾಳ ಹಾಕಿಯಾನು?

ಹೊರಗಿನವರು ಇದರಲ್ಲಿ ನಮಗಿಂತ ಮೇಲೇನಲ್ಲ. ಎರಡನೇ ಮಹಾಯುದ್ಧದಿಂದ ಮನಸ್ಸು ಮುರಿದು ಬಂದ ಸೈನಿಕರ ಚಿಕಿತ್ಸೆಯ ಬಗ್ಗೆ ಜಾನ್ ಹ್ಯೂಸ್ಟನ್ ಅಮೆರಿಕದ ಸೇನೆಗಾಗಿಯೇ 1946ರಲ್ಲಿ ಸಾಕ್ಷ್ಯಚಿತ್ರ ಮಾಡಿಕೊಟ್ಟ. ಸೇನೆ ಅದನ್ನು ಮೂರು ದಶಕಕ್ಕೂ ಹೆಚ್ಚು ಕಾಲ ಕಪಾಟಿನಲ್ಲಿಟ್ಟು ಬೀಗ ಹಾಕಿತು. ವಿಯೆಟ್ನಾಮಿನಿಂದ ಬಂದ ರ‍್ಯಾಂಬೊ 1982ರ ಮೊದಲ ಚಿತ್ರದ ಕೊನೆಯಲ್ಲಿ ಹಳೆಯ ಅಧಿಕಾರಿಯ ಮುಂದೆ ಮಗುವಿನಂತೆ ಬಿಕ್ಕುತ್ತಾನೆ. 1985ರ ಎರಡನೆಯದರಲ್ಲಿ ಅವನ ಅಳುವನ್ನು ಕಿತ್ತು ಕೈಗೆ ಮೆಷಿನ್ ಗನ್ ಕೊಟ್ಟರು. ನಮ್ಮ ಹುಡುಗರ ಗೋಡೆಯ ಪೋಸ್ಟರಿಗೆ ಬಂದವನು ಈ ಎರಡನೆಯ ರ‍್ಯಾಂಬೊ. ಮೊದಲನೆಯವನು ಯಾರೆಂದು ಇಂದಿಗೂ ಬಹಳ ಮಂದಿಗೆ ಗೊತ್ತಿಲ್ಲ.

ಸೆನ್ಸಾರ್ ಇದಕ್ಕೆ ಮದ್ದಲ್ಲ. 2023ರ ಕಾಯ್ದೆ ತಿದ್ದುಪಡಿಯ ನಂತರ ಯುಎ ಪ್ರಮಾಣಪತ್ರದಲ್ಲಿ 7, 13, 16 ವರ್ಷದ ದರ್ಜೆಗಳು ಬಂದಿವೆ. ತಾಲ್ಲೂಕು ಕೇಂದ್ರದ ಟಾಕೀಸಿನ ಗೇಟಿನಲ್ಲಿ ವಯಸ್ಸು ಕೇಳುವವರು ಯಾರು? ಕೇಳಿದರೂ ಹುಡುಗನ ಜೇಬಿನಲ್ಲಿ ಮೊಬೈಲ್ ಇದೆ. ಕತ್ತರಿಯಿಂದ ಇರುವುದನ್ನು ತೆಗೆಯಬಹುದು, ಇಲ್ಲದ್ದನ್ನು ಸೇರಿಸಲು ಬರುವುದಿಲ್ಲ. ಇಲ್ಲದ್ದು ಆ ಮರುದಿನ.

ಅದನ್ನು ತೋರಿಸಿಯೂ ಚಿತ್ರಮಂದಿರ ತುಂಬಿಸಬಹುದೆಂದು ತರೂರಿನ ಸಿದ್ಧಲಿಂಗಯ್ಯ ಸಾಬೀತು ಮಾಡಿದ್ದರು. ‘ಭೂತಯ್ಯನ ಮಗ ಅಯ್ಯು’ವಿನಲ್ಲಿ ಅಪ್ಪಂದಿರ ಹಗೆ ಅಯ್ಯುವಿಗೂ ಗುಳ್ಳನಿಗೂ ಆಸ್ತಿಯ ಹಾಗೆ ಬರುತ್ತದೆ; ಅದನ್ನು ಹೊತ್ತು ಅವರಷ್ಟೇ ಅಲ್ಲ, ಇಡೀ ಊರು ಸವೆಯುತ್ತದೆ. ಕೊನೆಗೆ ಪ್ರವಾಹದ ನೀರಿನಲ್ಲಿ ಒಬ್ಬರನ್ನೊಬ್ಬರು ಹಿಡಿದುಕೊಳ್ಳಬೇಕಾಗುತ್ತದೆ. ‘ಬಂಗಾರದ ಮನುಷ್ಯ’ದ ರಾಜೀವನೋ, ತಾನು ಸಾಕಿದವನಿಂದಲೇ ಅವಮಾನವಾದಾಗ ಕೈ ಎತ್ತದೆ ಊಟದ ಮುಂದಿನಿಂದ ಎದ್ದು ನಡೆದುಬಿಡುತ್ತಾನೆ. ಅವನನ್ನು ಯಾರೂ ಹೇಡಿ ಎನ್ನಲಿಲ್ಲ. ಆಗಿನ ಚಿತ್ರಗಳೆಲ್ಲ ಹೀಗಿದ್ದವು ಎಂದು ನಾನು ಹೇಳುತ್ತಿಲ್ಲ. ಕೆನ್ನೆಗೆ ಬಾರಿಸಿ ಹೆಂಡತಿಯನ್ನು ‘ತಿದ್ದುವ’ ನಾಯಕರು ಆ ಕಾಲದಲ್ಲೂ ಬೇಕಾದಷ್ಟಿದ್ದರು. ಆದರೆ ಹೊಡೆಯದೆಯೂ ದೊಡ್ಡವನಾಗುವ ಗಂಡಸು ಪರದೆಯ ಮೇಲೆ ಒಬ್ಬನಾದರೂ ಇದ್ದ.

ಪ್ರಶಾಂತ್ ನೀಲ್ ಅವರ ಕಸುಬುದಾರಿಕೆಯ ಬಗ್ಗೆ ನನಗೆ ಸಂಶಯವಿಲ್ಲ. ಅಷ್ಟು ಬಲ ಇರುವವರಿಗೇ ಈ ಸವಾಲು ಹಾಕಬೇಕು. ಕಥೆ ಅವರ ಮನೆತನದ ಊರಿನ ನೆರೆಯಲ್ಲೇ ಇದೆ. 2005ರ ಆ ರಾತ್ರಿಯಂಥ ರಾತ್ರಿಯೊಂದನ್ನು ದಾಟಿಬಂದ ಪೇದೆ, ಈಗ ಐವತ್ತರ ಮೇಲಿನವನು, ಮಧುಗಿರಿಯ ದಂಡಿನ ಮಾರಮ್ಮನ ಜಾತ್ರೆಗೆ ಬಂದೋಬಸ್ತಿಗೆ ಬಂದಿದ್ದಾನೆ ಎಂದಿಟ್ಟುಕೊಳ್ಳಿ. ಮದ್ದು ಸಿಡಿದೊಡನೆ ಅವನ ಬೆನ್ನು ಗೋಡೆ ಹುಡುಕುತ್ತದೆ. ಕುಡಿತ ಏಕೆ ಹೆಚ್ಚಾಯಿತೆಂದು ಹೆಂಡತಿಗೆ ಹೇಳಿಲ್ಲ. ಹೆಂಡತಿ ತಾಯತ ಕಟ್ಟಿಸಿದ್ದಾಳೆ, ನಿಮ್ಹಾನ್ಸ್‌ಗೆ ಹೋಗೋಣವೆಂದರೆ ‘ನನಗೇನು ಹುಚ್ಚೇ’ ಎಂದು ಗದರುತ್ತಾನೆ. ಮಗ ಮೊಬೈಲಿನಲ್ಲಿ ಗನ್ ಹಿಡಿದ ಹೀರೊವನ್ನು ನೋಡುತ್ತ ‘ನೀನೂ ಹಿಂಗೇ ಹೊಡ್ದಿದ್ದಾ ಅಪ್ಪಾ?’ ಎಂದು ಕೇಳುತ್ತಾನೆ. ಫೈಟು ಬೇಕೆಂದರೆ ಶಾಲೆಯ ಆ ರಾತ್ರಿ ಇದೆ, ಎಷ್ಟು ಬೇಕೋ ಅಷ್ಟು ಇಡಿ. ಆದರೆ ಮಗನ ಪ್ರಶ್ನೆಗೆ ಅಪ್ಪ ಕೊಡುವ ಉತ್ತರವನ್ನು ಹಿನ್ನೆಲೆ ಸಂಗೀತ ಹಾಕಿ ಮುಚ್ಚಬೇಡಿ. ಆ ಪಾತ್ರಕ್ಕೆ ಯಾವ ಸ್ಟಾರು ಕಾಲ್‌ಶೀಟ್ ಕೊಡುತ್ತಾನೆ, ಹೇಳಿ.