ಎಲೆಯ ಸದ್ದಿಗೆ ಕಿವಿಗೊಟ್ಟವರು

ಮಕ್ಕಳೇ, ಗೋಡೆಯ ಮೇಲಿನ ಹಲ್ಲಿ ಲೊಚಗುಟ್ಟಿದರೆ ನಿಮ್ಮ ಅಜ್ಜಿ ಏನು ಮಾಡುತ್ತಾರೆ? ಬೆರಳಿನಿಂದ ನೆಲವನ್ನು ಟಕ್ ಟಕ್ ಎಂದು ತಟ್ಟಿ ‘ಕೃಷ್ಣ ಕೃಷ್ಣ’ ಎನ್ನುತ್ತಾರೆ, ಅಲ್ಲವೇ? ನಾವು ಚಿಕ್ಕವರಿದ್ದಾಗ ಬೆಳಕು ಹರಿಯುವ ಮುಂಚೆ ಬುಡುಬುಡಿಕೆಯವನು ಬಂದು ‘ಹಾಲಕ್ಕಿ ನುಡಿಯಿತು’ ಎಂದರೆ ಮನೆಮಂದಿಯೆಲ್ಲ ಉಸಿರು ಬಿಗಿಹಿಡಿದು ಕೇಳುತ್ತಿದ್ದರು. ಸದ್ದಿನೊಳಗೆ ನಾಳೆಯನ್ನು ಹುಡುಕುವ ಈ ಆಸೆ ನಮ್ಮೊಬ್ಬರದೇ ಅಲ್ಲ. ಈ ವಾರ ಗ್ರೀಸ್ ದೇಶಕ್ಕೆ ಹೋಗಿಬರೋಣ ಬನ್ನಿ, ಟಿಕೆಟ್ ಬೇಡ.

ಗ್ರೀಸ್‌ನ ವಾಯವ್ಯ ದಿಕ್ಕಿನಲ್ಲಿ, ತೊಮರೋಸ್ ಬೆಟ್ಟದ ತಪ್ಪಲಿನಲ್ಲಿ ದೊದೊನಾ ಎಂಬ ಸ್ಥಳವಿದೆ. ಅಲ್ಲಿ ಹಿಂದೆ ಒಂದು ಓಕ್ ಮರವಿತ್ತು. ಅದು ದೇವರಾಜ ಜ್ಯೂಸ್‌ನ ಮರ. ಅದರ ಎಲೆಗಳ ಮರ್ಮರವೇ ದೇವರ ಮಾತು ಎಂದು ಜನ ನಂಬಿದ್ದರು. ಹೋಮರ್ ಕವಿಯ ‘ಒಡಿಸ್ಸಿ’ಯಲ್ಲೂ ಈ ಮರದ ಪ್ರಸ್ತಾಪ ಬರುತ್ತದೆ. ಊರಿಗೆ ಬಹಿರಂಗವಾಗಿ ಮರಳಲೋ, ಗುಟ್ಟಾಗಿ ಮರಳಲೋ ಎಂದು ಕೇಳಲು ಒಡಿಸ್ಯೂಸ್ ಅಲ್ಲಿಗೆ ಹೋಗಿದ್ದಾನೆ ಎಂಬ ಮಾತು ಅದರಲ್ಲಿದೆ.

ಎಲೆಯ ಜೊತೆಗೆ ಕಂಚೂ ಇತ್ತು. ಕೋರ್ಫು ದ್ವೀಪದವರು ಅಲ್ಲಿಗೆ ಒಂದು ಕಂಚಿನ ಹಂಡೆ ಮತ್ತು ಚಾಟಿ ಹಿಡಿದ ಪ್ರತಿಮೆಯನ್ನು ಕಾಣಿಕೆಯಾಗಿ ಕೊಟ್ಟಿದ್ದರು. ಗಾಳಿ ಬೀಸಿದರೆ ಚಾಟಿಯ ಸರಪಳಿಗಳು ಹಂಡೆಗೆ ಬಡಿಯುತ್ತಿದ್ದವು. ಆ ನಾದ ಶುರುವಾಗಿ ಅಡಗುವುದರೊಳಗೆ 400ರವರೆಗೆ ಎಣಿಸಬಹುದಿತ್ತೆಂದು ಸ್ಟ್ರಾಬೋ ಎಂಬ ಭೂಗೋಳಕಾರ ಬರೆದಿದ್ದಾನೆ. ಬಾಯಿ ಮುಚ್ಚದೆ ಮಾತಾಡುವವರಿಗೆ ಗ್ರೀಕರು ‘ದೊದೊನಾದ ಕಂಚು’ ಎಂದು ಹೆಸರಿಟ್ಟರು. ನಿಮ್ಮ ತರಗತಿಯಲ್ಲೂ ಅಂಥವರು ಒಬ್ಬರಾದರೂ ಇರಬೇಕು!

ಇನ್ನೊಂದು ಕಥೆ ಕೇಳಿ. ಈಜಿಪ್ಟಿನಿಂದ ಹಾರಿಬಂದ ಕಪ್ಪು ಪಾರಿವಾಳವೊಂದು ಆ ಮರದ ಮೇಲೆ ಕುಳಿತು, ಇಲ್ಲೊಂದು ದೇವಸ್ಥಾನ ಕಟ್ಟಿರಿ ಎಂದು ಮನುಷ್ಯರ ದನಿಯಲ್ಲಿ ಹೇಳಿತಂತೆ. ಕ್ರಿಸ್ತಪೂರ್ವ 5ನೇ ಶತಮಾನದ ಹೆರೊಡೊಟಸ್ ಇದನ್ನು ಕೇಳಿ ಹಾಗೆಯೇ ನಂಬಲಿಲ್ಲ. ಬಂದವಳು ಈಜಿಪ್ಟಿನ ಹೆಂಗಸಿರಬೇಕು. ಅವಳ ಭಾಷೆ ಯಾರಿಗೂ ಅರ್ಥವಾಗದೆ ಹಕ್ಕಿಯ ಚಿಲಿಪಿಲಿಯಂತೆ ಕೇಳಿಸಿರಬೇಕು. ಅವಳು ಸ್ಥಳೀಯರ ಭಾಷೆ ಕಲಿತ ಮೇಲೆ ‘ಹಕ್ಕಿ ಮಾತಾಡಿತು’ ಎಂದಿರಬೇಕು ಎಂದು ಬಗೆದ. ಎಂಥ ಜಾಣ ನೋಡಿ!

ನನಗೆ ಇವೆಲ್ಲಕ್ಕಿಂತ ಇಷ್ಟವಾದದ್ದು ಬೇರೆ. ಬಂದವರು ತಮ್ಮ ಪ್ರಶ್ನೆಯನ್ನು ತೆಳುವಾದ ಸೀಸದ ತಗಡಿನ ಮೇಲೆ ಗೀಚಿ, ಮಡಚಿ ಇಡುತ್ತಿದ್ದರು. ನೆಲ ಅಗೆದಾಗ ಸಿಕ್ಕ ಇಂಥ 4,000ಕ್ಕೂ ಹೆಚ್ಚು ಬರಹಗಳು 2013ರಲ್ಲಿ ಒಟ್ಟಾಗಿ ಪ್ರಕಟವಾದವು. ರಾಜರ ಯುದ್ಧದ ವಿಷಯವೇ ಇರುತ್ತದೆ ಎಂದುಕೊಂಡಿರಾ? ಒಬ್ಬ ಕೇಳುತ್ತಾನೆ: ನನ್ನ ಕಂಬಳಿ, ದಿಂಬುಗಳು ಕಳೆದಿವೆ, ಹೊರಗಿನವರು ಯಾರಾದರೂ ಕದ್ದರೇ? ಇನ್ನೊಬ್ಬ: ಕುರಿ ಸಾಕಿದರೆ ನನಗೆ ಒಳ್ಳೆಯದಾಗುತ್ತದೆಯೇ? ಮದುವೆ, ಮಕ್ಕಳು, ಕಾಯಿಲೆ, ಪ್ರಯಾಣ, ಎಲ್ಲ ಮನೆಮಾತೇ. ಬ್ಯಾಂಕಿನ ಕೌಂಟರಿನಲ್ಲಿ ಕೂತಿದ್ದಾಗ ಇಂಥ ಪ್ರಶ್ನೆಗಳು ನನಗೂ ಬರುತ್ತಿದ್ದವು. ‘ಸಾರ್, ಮಗಳ ಮದುವೆ ಹೊತ್ತಿಗೆ ಈ ದುಡ್ಡು ಸಾಲುತ್ತಾ?’ ಬಡ್ಡಿಯ ಲೆಕ್ಕ ನಾನು ಹೇಳಬಲ್ಲೆ. ಅವರು ಕೇಳುತ್ತಿದ್ದದ್ದು ಲೆಕ್ಕವನ್ನಷ್ಟೇ ಅಲ್ಲ, ಧೈರ್ಯವನ್ನೂ.

ನಮ್ಮ ಮನೆಯಲ್ಲೂ ಹೀಗೊಂದು ದಿನ ಬಂತು. ನನ್ನ ಹೆಂಡತಿಯ ಕಣ್ಣಿನ ಪೊರೆ ತೆಗೆಸಬೇಕಿತ್ತು. ಹಿಂದಿನ ರಾತ್ರಿ ಅವಳು ‘ನಾಳೆ ಬೇಡವೇನೋ’ ಎಂದಳು. ಅದೇ ಗಳಿಗೆಗೆ ಹಲ್ಲಿ ಲೊಚ್ ಎಂದಿತು. ಮುಗಿಯಿತು, ಬರುವುದೇ ಇಲ್ಲ ಎಂದು ಹಠ ಹಿಡಿದಳು. ಹಲ್ಲಿ ಕೂಗುವುದು ಇನ್ನೊಂದು ಹಲ್ಲಿಯನ್ನು ಕರೆಯಲು, ಇಲ್ಲವೇ ಓಡಿಸಲು ಎಂದು ಅವಳಿಗೆ ಪಾಠ ಹೇಳಲು ಹೋಗಲಿಲ್ಲ. ‘ನಿನಗೆ ಯಾವುದರ ಭಯ?’ ಎಂದಷ್ಟೇ ಕೇಳಿದೆ. ಬಹಳ ಹೊತ್ತು ಸುಮ್ಮನಿದ್ದು, ‘ಇರುವ ದೃಷ್ಟಿಯೂ ಹೋದರೆ ಮೊಮ್ಮಗಳ ಮುಖ ಹೇಗೆ ನೋಡಲಿ?’ ಎಂದಳು.

ಆ ಪ್ರಶ್ನೆಯನ್ನು ಚೀಟಿಯಲ್ಲಿ ಬರೆದು ಬೆಳಿಗ್ಗೆ ವೈದ್ಯರ ಮುಂದಿಟ್ಟೆವು. ಅವರು ಕುರ್ಚಿ ಎಳೆದುಕೊಂಡು ಕೂತು, ಸಮಾಧಾನವಾಗಿ ಒಂದೊಂದನ್ನೂ ವಿವರಿಸಿದರು. ಪೊರೆ ಅಂದೇ ಹೋಯಿತು. ಈಗ ಸೂಜಿಗೆ ದಾರ ಅವಳೇ ಪೋಣಿಸುತ್ತಾಳೆ. ಹಲ್ಲಿ ಕೂಗಿದರೆ ಇವತ್ತಿಗೂ ನೆಲ ತಟ್ಟುತ್ತಾಳೆ. ತಟ್ಟಲಿ, ನೆಲವೇನೂ ಸವೆಯುವುದಿಲ್ಲ. ಆಸ್ಪತ್ರೆಯ ದಿನವನ್ನು ಮಾತ್ರ ಹಲ್ಲಿಯ ಕೈಗೆ ಕೊಡಬಾರದು.

ಈ ವಾರದ ಕೆಲಸ ಕೇಳಿ. ಸಂಜೆ ಅಜ್ಜನನ್ನೋ ಅಜ್ಜಿಯನ್ನೋ ಕರೆದುಕೊಂಡು ಅರಳಿ ಮರದ ಕೆಳಗೆ ಕುಳಿತುಕೊಳ್ಳಿ. ಸಣ್ಣ ಗಾಳಿಗೂ ಅದರ ಎಲೆ ಸದ್ದು ಮಾಡುತ್ತದೆ. ಇಬ್ಬರೂ ಒಂದೇ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು, ಕಣ್ಣು ಮುಚ್ಚಿ ಕೇಳಿ. ಕೇಳಿಸಿದ್ದನ್ನು ಬೇರೆ ಬೇರೆ ಚೀಟಿಯಲ್ಲಿ ಬರೆದು ಅದಲುಬದಲು ಮಾಡಿಕೊಳ್ಳಿ. ಮರ ಒಂದೇ, ಸದ್ದು ಒಂದೇ. ಚೀಟಿ ಎರಡೂ ಒಂದೇ ಆಗಿದ್ದರೆ ನನಗೆ ಪತ್ರ ಬರೆಯಿರಿ. ಬೇರೆಯಾಗಿದ್ದರೆ ಅಲ್ಲೇ ಕೂತು, ಯಾಕೆ ಹಾಗೆ ಕೇಳಿಸಿತು ಎಂದು ಒಬ್ಬರನ್ನೊಬ್ಬರು ಕೇಳಿ. ಕತ್ತಲಾಗುವುದರೊಳಗೆ ಮನೆಗೆ ಬನ್ನಿ.